ದೆವ್ವದ ಮೀನಿಗೆ ಹೆಸರಿಟ್ಟವರು

ನಾಮಕರಣಕ್ಕೆ ಒಂದೇ ದಿನ ಬಾಕಿ. ಅತ್ತೆ ಗುತ್ಯಮ್ಮ ಸೊಸೆ ಸಂಗೀತಳ ಜೊತೆ ಮಾತು ಬಿಟ್ಟಿದ್ದಳು. ಮಾತು ಬಿಟ್ಟಳೆಂದರೆ, ಕುರಿಗಳಿಗೆ ಬೈಯುವ ನೆಪದಲ್ಲಿ ಸೊಸೆಗೆ ಎರಡರಷ್ಟು ಬೈಯುತ್ತಿದ್ದಳು ಅಂತಲೇ ಅರ್ಥ.

ಸಂಗೀತಳ ಮೊದಲೆರಡು ಕೂಸುಗಳು ಹೆಸರಿಡುವ ಮೊದಲೇ ತೀರಿಹೋಗಿದ್ದವು. ಈಗಿನದು ಹೆಣ್ಣು, ಗುಂಡುಗುಂಡಾಗಿದೆ. ಇಂಥ ಮಗುವನ್ನು ತಿಪ್ಪೆಯ ಮೇಲೆ ಮಲಗಿಸಿ, ಬೇಡಾದ ಕೂಸೆಂದು ಬಾಯಿಬಿಟ್ಟು ಹೇಳಿ, ತಿಪ್ಪಮ್ಮ ಎಂದು ಕರೆಯುವುದು ಅಂಜನಾಪುರದ ಈ ಕುರಿಗಾರರ ಮನೆಯ ಪದ್ಧತಿ. ಕಸದ ಹೆಸರಿನ ಕೂಸನ್ನು ಸಾವು ಮೂಸಿಯೂ ನೋಡುವುದಿಲ್ಲವಂತೆ. ಸಂಗೀತಳಿಗೆ ಕೇಳಿದರೇ ಮೈ ಉರಿಯುತ್ತಿತ್ತು. ಎರಡನ್ನು ಮಣ್ಣಿಗಿಟ್ಟವಳು ಮೂರನೆಯದನ್ನು ತಿಪ್ಪೆಗಿಡಬೇಕೇ? ಚೈತ್ರಶ್ರೀ ಎಂಬ ಹೆಸರನ್ನು ಬಸುರಿಯಾಗಿದ್ದಾಗಲೇ ಆರಿಸಿಟ್ಟುಕೊಂಡಿದ್ದಳು.

ಸಂಜೆ ಗಂಡ ನವೀನ್ ಹೊನ್ನಾವರದಿಂದ ಗಾಡಿಯಲ್ಲಿ ಮೀನು ತುಂಬಿಕೊಂಡು ಬಂದ. ಅವ್ವ, ಹೆಂಡತಿ ಇಬ್ಬರ ಮುಖವೂ ಊದಿಕೊಂಡಿದ್ದರೆ ಗಂಡಸಿಗೆ ಮೊಬೈಲೇ ಗತಿ. "ಇಲ್ ನೋಡ್ರಿ" ಎಂದು ಇಬ್ಬರ ನಡುವೆ ಹಿಡಿದ. ವಿಡಿಯೊದಲ್ಲಿ, ಕರಾವಳಿಯವರು ತೊರಕೆ ಎನ್ನುವ ಜಾತಿಯ ಭಾರಿ ಮೀನೊಂದು ಬಲೆಯಲ್ಲಿ ಸಿಕ್ಕಿಕೊಂಡಿತ್ತು. ಕಣದಷ್ಟು ಅಗಲ, ತಲೆಯಲ್ಲಿ ಎರಡು ಕೊಂಬು. ದೋಣಿಯವರು ಬಲೆ ಕತ್ತರಿಸಿದ್ದೇ ತಡ, ಮೈಯನ್ನೇ ರೆಕ್ಕೆಯಂತೆ ಬೀಸಿ ಆಳಕ್ಕೆ ಹೋಯಿತು.

"ಅಯ್ಯೋ, ಮನುಷ್ಯಾರ್ನ ತಿಂತತೇನೋ?" ಗುತ್ಯಮ್ಮ ಮಾತು ಬಿಟ್ಟದ್ದನ್ನು ಮರೆತಳು.

"ಇಲ್ಲವ್ವಾ. ಕಣ್ಣಿಗೆ ಕಾಣದಂಥ ಸಣ್ಣ ಹುಳ ಸೋಸ್ಕೊಂಡು ತಿಂತತೆ. ಅದು ಕೊಂಬೂ ಅಲ್ಲ, ನೀರನ್ನ ಬಾಯಿ ಕಡೆ ತಿರುಗ್ಸೋ ರೆಕ್ಕೆ. ಹೊರದೇಶದೋರು ಮ್ಯಾಂಟಾ ಅಂತಾರಂತೆ, ಅಂದ್ರೆ ಕಂಬಳಿ. ದೆವ್ವದ ಮೀನು ಅಂತ್ಲೂ ಅಂತಾರೆ."

"ಇಂಥ ಸಾಧುಪ್ರಾಣಿಗೆ ದೆವ್ವ ಅಂತಾರಾ?" ಸಂಗೀತಳಿಗೆ ನಿಜಕ್ಕೂ ಸಿಟ್ಟು ಬಂತು. "ಯಾವ ಪಾಪಿ ಆ ಹೆಸರಿಟ್ಟನೋ!"

"ಪಾಪಿ ಯಾಕೆ ಇಡ್ತಾನೆ? ಅದರ ಅವ್ವನೇ ಇಟ್ಟಿರ್ಬೇಕು" ಎಂದಳು ಗುತ್ಯಮ್ಮ. "ಮುಂಚಿನ ಮರಿಗಳೆಲ್ಲ ಬಲೇಲಿ ಹೋಗಿದ್ವೇನೋ. ಇದೊಂದಾದ್ರೂ ಉಳೀಲಿ ಅಂತ."

ನಗಲು ಹೊರಟ ನವೀನ್ ಅವ್ವನ ಮುಖ ನೋಡಿ ಮೊಬೈಲನ್ನು ಜೇಬಿಗಿಟ್ಟ.

"ಆ ಎರಡು ಕೂಸಿಗೂ ನಾನು ಚೆಂದದ ಹೆಸರೇ ಹುಡುಕಿದ್ದೆ" ಎಂದಳು ಗುತ್ಯಮ್ಮ. "ಕರೆಯೋಕೆ ಸಿಗ್ಲಿಲ್ಲ."

ಇಷ್ಟು ವರ್ಷ ಆ ದುಃಖ ತನ್ನೊಬ್ಬಳದೇ ಎಂದುಕೊಂಡಿದ್ದಕ್ಕೆ ಸಂಗೀತಳಿಗೆ ನಾಚಿಕೆಯಾಯಿತು.

ಮರುದಿನ ಬೆಳಿಗ್ಗೆ ಕೂಸನ್ನು ತಾನಾಗಿಯೇ ಅತ್ತೆಯ ಕೈಗಿಟ್ಟು, "ನಡೀರಿ ಅತ್ತಿ" ಎಂದಳು. ಆದರೆ ತಿಪ್ಪೆಯ ಹತ್ತಿರ ಹೋದ ಗುತ್ಯಮ್ಮ ನಿಂತೇಬಿಟ್ಟಳು. ಹಟ ಮಾಡಿ ಮನೆಯನ್ನೆಲ್ಲ ಕುಣಿಸಿದವಳಿಗೆ ಮಗುವನ್ನು ಕೆಳಗಿಡಲು ಕೈ ಬರಲಿಲ್ಲ. ಬೇಡಾದ ಕೂಸು ಎನ್ನಲು ಬಾಯಿಯೂ ಬರಲಿಲ್ಲ.

ಸಂಗೀತ ಅತ್ತೆಯ ಕೈಗಳಿಗೆ ತನ್ನ ಕೈ ಕೂಡಿಸಿದಳು. ಇಬ್ಬರೂ ಬಗ್ಗಿ ಮಗುವನ್ನು ಮಲಗಿಸಿದರು. "ಬೇಡಾದ ಕೂಸಿದು" ಎಂದು ಊರಿಗೇ ಕೇಳುವಂತೆ ಸಂಗೀತ ಕೂಗಿದಳು. ಆಮೇಲೆ ಮಗುವನ್ನು ಎತ್ತಿ ಎದೆಗೊತ್ತಿಕೊಂಡು, ಚೈತ್ರಶ್ರೀ ಎಂದು ಎಷ್ಟು ಮೆಲ್ಲಗೆ ಕರೆಯಬೇಕೆಂದುಕೊಂಡಿದ್ದಳೋ ಅಷ್ಟೇ ಮೆಲ್ಲಗೆ ಕರೆದಳು:

"ತಿಪ್ಪಿ."