ಅಳತೆಗೆ ಹೋದ ಅಂಗಿ

ಮದುವೆಗೆ ಇನ್ನೊಂದು ವಾರ ಇದೆ ಎನ್ನುವಾಗ, ದಾಂಡೇಲಿಯ ಕಾಗದದ ಗಿರಣಿಯ ಗೇಟಿನಲ್ಲಿ ಪಾಳಿ ಬದಲಾಗುವ ಗದ್ದಲದೊಳಗೆ, ಪಕ್ಕದ ಖೋಲಿಯ ಪರಸಪ್ಪ ಬಂದು ಮಹಾಂತಪ್ಪನ ಹೆಗಲ ಮೇಲೆ ಕೈ ಇಟ್ಟ.

"ಲೇ ಮಹಾಂತ, ನನ್ನ ಅಂಗಿ ಹಳಿಯಾಳದಿಂದ ಬಂತೇನು?"

ಪರಸಪ್ಪ ಕೈ ಇಟ್ಟರೆ ಬಿದಿರಿನ ಹೊರೆ ಇಳಿಸಿದ ಹಾಗೆ. ಬೆಳಗಾವಿ ಕಡೆಯ ಗರಡಿಯಲ್ಲಿ ಬೆಳೆದ ಮೈ. ಮಹಾಂತಪ್ಪನೋ, ಆ ಹೊರೆಯೊಳಗಿನ ಒಂದೇ ಒಂದು ಗಳ. ನಿನ್ನ ಅಂಗಿಗೆ ಹಳಿಯಾಳದಲ್ಲಿ ಏನು ಕೆಲಸ ಎಂದು ಅವನು ನಗುತ್ತಲೇ ಕೇಳಿದ. ಅಳತೆಗೆ ಅಂತ ನಿಮ್ಮವ್ವ ಇಸ್ಕೊಂಡು ಕಳಿಸ್ಯಾಳಲ್ಲ, ಟೆರಿಲೀನಿಂದು, ಜೋಪಾನ ಎಂದು ಪರಸಪ್ಪ ಒಳಗೆ ಹೋದ. ಮಹಾಂತಪ್ಪನ ನಗು ಮಾತ್ರ ಒಳಗೂ ಹೋಗದೆ ಹೊರಗೂ ಬರದೆ ಗೇಟಿನಲ್ಲೇ ನಿಂತಿತು.

ಮದುಮಗನ ಉಡುಪು ಹೆಣ್ಣಿನವರು ಕೊಡುವುದು ಆ ಕಡೆಯ ಪದ್ಧತಿ. ಹಳಿಯಾಳದ ಪೇಟೆಯಲ್ಲಿ ಭತ್ತ-ಬೆಲ್ಲದ ವ್ಯಾಪಾರ ಮಾಡುವ ಅಂದಾನೆಪ್ಪ ತಮ್ಮ ಕಿರಿಮಗಳು ಶಿವಗಂಗವ್ವನನ್ನು ಮಹಾಂತಪ್ಪನಿಗೆ ನಿಶ್ಚಯ ಮಾಡಿದ ದಿನವೇ ಕೇಳಿದ್ದರು: ಕೋಟು ಹುಬ್ಬಳ್ಳಿಯಿಂದ ರೆಡಿಮೇಡ್ ತರುವುದೋ, ಇಲ್ಲೇ ದರ್ಜಿ ದುರ್ಗಪ್ಪನ ಕೈಯಲ್ಲಿ ಹೊಲಿಸುವುದೋ. ಹೌದು-ಅಲ್ಲ ಎಂದಷ್ಟೇ ಹೇಳಿ ಸುಮ್ಮನಾಗುವ ಜಾತಿಯವನಲ್ಲ ಮಹಾಂತಪ್ಪ. "ನಾನೇನು ರೆಡಿಮೇಡ್ ವರ ಏನ್ರಿ, ರೆಡಿಮೇಡ್ ಕೋಟು ಹಾಕ್ಕೊಳ್ಳಾಕ? ಹೊಲಿಸ್ರಿ" ಅಂದಿದ್ದ. ಕೂತವರೆಲ್ಲ ನಕ್ಕಿದ್ದರು. ಒಳಬಾಗಿಲ ಹಿಂದೆ ಸೆರಗು ಕಚ್ಚಿ ನಕ್ಕ ಸದ್ದು ಒಂದು ಬಂದಿತ್ತಲ್ಲ, ಅದನ್ನು ಅವನು ದಾಂಡೇಲಿಗೆ ತಂದು, ಗಿರಣಿಯ ಯಂತ್ರಗಳ ಸದ್ದಿನಲ್ಲೂ ಪ್ರತ್ಯೇಕವಾಗಿ ಕೇಳಿಸಿಕೊಳ್ಳುತ್ತಿದ್ದ.

ಹೊಲಿಸುವುದೆಂದರೆ ಅಳತೆ ಬೇಕು. ಅಳತೆಗೆ ಮದುಮಗನ ಒಂದು ಅಂಗಿ ಕಳಿಸಬೇಕು. ಕೆಡುಕು ಅಲ್ಲಿತ್ತು.

ಖೋಲಿಗೆ ಬಂದು ಕೇಳಿದಾಗ ತಾಯಿ ಸಿದ್ದಕ್ಕ ರೊಟ್ಟಿ ತಟ್ಟುವ ಕೈ ನಿಲ್ಲಿಸಲಿಲ್ಲ. ಹೆಣ್ಣು ನೋಡಲು ಹಾಕಿಕೊಂಡು ಹೋಗಿದ್ದ ಒಳ್ಳೆಯ ಅಂಗಿಗೆ ಗಿರಣಿಯ ಬ್ಲೀಚಿಂಗ್ ನೀರು ಸಿಡಿದು ಜಾಳಿಗೆಯಾಗಿತ್ತು. ಉಳಿದ ಎರಡಕ್ಕೂ ಬೆನ್ನಿಗೆ ತ್ಯಾಪೆ. ಕಾಲರು ತಿರುವಿ ಹಾಕಿದ್ದು. "ಬೀಗರ ಮನಿಗೆ ಅದನ್ನ ಕಳಸ್ಲೇನಪಾ? ಹೆಣ್ಮಕ್ಕಳು ಬಿಡಿಸಿ ಬಿಡಿಸಿ ನೋಡ್ತಾರ. ಪಕ್ಕದ ಸುಶೀಲವ್ವನ ಕೇಳಿ ಅವಳ ಗಂಡ ಪರಸಪ್ಪಂದು ಒಂದು ಇಸ್ಕೊಂಡೆ. ತುಸು ಸಡ್ಲ ಆಕ್ಕತಿ, ಆಗ್ಲಿ. ಮದಿವಿ ಆದ ಮ್ಯಾಲ ಮೈ ತುಂಬತೈತಿ."

ಪರಸಪ್ಪನಷ್ಟು ಮೈ ತುಂಬಲು ಒಂದು ಮದುವೆ ಸಾಕಾಗುವುದಿಲ್ಲ ಎಂಬ ಮಾತು ಮಹಾಂತಪ್ಪನ ನಾಲಿಗೆ ತುದಿಗೆ ಬಂದು, ಅಲ್ಲೇ ಒಣಗಿತು. ಯಾಕೆಂದರೆ ಅವನಿಗೆ ಎತ್ತುಗಳ ನೆನಪಾಗಿತ್ತು.

ನಿಶ್ಚಯದ ದಿನ ಊಟವಾದ ಮೇಲೆ ಅಂದಾನೆಪ್ಪ ಎಲೆಗೆ ಸುಣ್ಣ ಹಚ್ಚುತ್ತ ಒಂದು ಸಂಗತಿ ಹೇಳಿದ್ದರು. ಹಿರಿಮಗಳಿಗೆ ಮೊದಲು ಮುಂಡಗೋಡ ಕಡೆಯ ಒಂದು ಮನೆ ಗೊತ್ತಾಗಿತ್ತಂತೆ. ನೋಡಲು ಹೋದಾಗ ಕೊಟ್ಟಿಗೆಯಲ್ಲಿ ಒಂದು ಜೋಡಿ ಎತ್ತು, ಕಣ್ಣಿಗೆ ಹಬ್ಬ. ಸಂಜೆ ನೀರಿಗೆಂದು ಹಗ್ಗ ಬಿಚ್ಚಿದರೆ ಆ ಎತ್ತುಗಳು ಅಂಗಳ ದಾಟಿ ನೆಟ್ಟಗೆ ಪಕ್ಕದ ಮನೆಗೆ ನಡೆದವು. ಆ ಪಕ್ಕದ ಮನೆಯವು, ಬೀಗರು ಬರುತ್ತಾರೆಂದು ಎರವಲು ತಂದು ಕಟ್ಟಿದ್ದವು. ಅಂದಾನೆಪ್ಪ ಚಹಾ ಕುಡಿಯದೆ ಎದ್ದು ಬಂದರು. ಸಂಬಂಧ ಅಲ್ಲಿಗೆ ಮುಗಿಯಿತು. "ಬಡವರಿದ್ರ ಇರ್ಲಿ. ತೋರಿಸಿದ್ದು ತಮ್ಮದಿರಬೇಕು" ಅಂದಿದ್ದರು. ಆಗ ಮಹಾಂತಪ್ಪ ಏನು ಮಾಡಿದ್ದ? ಎದ್ದು ನಿಂತು, ಕುತ್ತಿಗೆ ತೂಗುತ್ತ, ಬಾಲ ಬೀಸುತ್ತ, ಸ್ವಂತ ಮನೆಗೆ ಹೊರಟ ಆ ಎತ್ತಿನ ನಡಿಗೆ ಮಾಡಿ ತೋರಿಸಿದ್ದ. ಅಂದಾನೆಪ್ಪನ ಕಣ್ಣಲ್ಲಿ ನೀರು ಬರುವಷ್ಟು ನಗು.

ಈಗ ಆ ಎತ್ತು ಇವನದೇ ಅಂಗಿ ತೊಟ್ಟು ಹಳಿಯಾಳದಲ್ಲಿ ನಿಂತಿತ್ತು. ಅಲ್ಲ, ಇವನದಲ್ಲ, ಅದೇ ಸಮಸ್ಯೆ.

ಅಳತೆ ತಪ್ಪಿದ ಕೋಟು ಹಂದರದೊಳಗೆ ಬಂದರೆ ಯಾರ ಅಳತೆ ಎಂದು ಕೇಳುತ್ತಾರೆ. ಕೇಳಿದರೆ ಅಂಗಿ ಹೊರಬೀಳುತ್ತದೆ. ಅಂಗಿ ಹೊರಬಿದ್ದರೆ ಅಂದಾನೆಪ್ಪ ಚಹಾ ಬಿಟ್ಟು ಏಳುತ್ತಾರೆ, ಶಿವಗಂಗವ್ವ ಬಾಗಿಲ ಹಿಂದೆಯೇ ಉಳಿಯುತ್ತಾಳೆ. ಇರುವುದು ಒಂದೇ ದಾರಿ: ಬಟ್ಟೆಗೆ ಕತ್ತರಿ ಬೀಳುವ ಮೊದಲು ಹೋಗಿ, ಮನಸ್ಸು ಬದಲಾಯಿತು, ರೆಡಿಮೇಡೇ ಬೇಕು ಅನ್ನುವುದು. ಸಿದ್ದಕ್ಕನ ಮಗ ಸಿದ್ಧ ಉಡುಪಿಗೆ ಸಿದ್ಧ. ರಜೆಯ ದಿನ ಬೆಳಗಿನ ಬಸ್ಸಿಗೆ, ತ್ಯಾಪೆ ಕಾಣದಂತೆ ಅಂಗಿಯ ಮೇಲೆ ಶಾಲು ಹೊದ್ದು ಹೊರಟ. ಬಸ್ಸಿನಲ್ಲಿ ಯಾವ ಕಂಡಕ್ಟರನನ್ನೂ ಅಣಕಿಸಲಿಲ್ಲ.

ಕತ್ತರಿ ಬಿದ್ದಿದೆಯೋ ಇಲ್ಲವೋ ಮೊದಲು ತಿಳಿಯಬೇಕು. ದುರ್ಗಪ್ಪ ಇವನ ಮುಖ ನೋಡಿದವನಲ್ಲ. ಅಂಗಡಿ ಕಟ್ಟೆ ಹತ್ತುವಾಗಲೇ ಮಹಾಂತಪ್ಪ ಬಾಯಿ ಬದಲಾಯಿಸಿಕೊಂಡ. ಗೋವಾ ಗಡಿಯ ಕಡೆಯ ರಾಮನಗರದ ವ್ಯಾಪಾರಿಯಾಗಿ, "ಕಾಯ ಹೋ ಮಾಸ್ತರ, ಲಗ್ನದ ಕೋಟು ಹೊಲೀತೀರಿ ಅಂತ ಐಕಲೆ, ಕೇಳೀನಿ" ಎಂದು ಅರ್ಧ ಮರಾಠಿಯಲ್ಲಿ ಶುರು ಮಾಡಿದ. ದುರ್ಗಪ್ಪ ಮಾತಿನ ಪ್ರಾಣಿ. ಗಿರಾಕಿ ಸಿಕ್ಕಿದ್ದೇ ತಡ, ಗೂಟದಿಂದ ಒಂದು ಕೋಟು ಇಳಿಸಿದ. ಬೂದಿ ಬಣ್ಣದ ಒಳ್ಳೆಯ ಬಟ್ಟೆ. ಕಚ್ಚಾ ಹೊಲಿಗೆಯ ಬಿಳಿ ದಾರ ಅಂಚಿನುದ್ದಕ್ಕೂ ಹಲ್ಲು ಕಿರಿಯುತ್ತಿತ್ತು. ಕತ್ತರಿ ಬಿದ್ದು ಮುಗಿದಿತ್ತು. ಅದು ಕೋಟಲ್ಲ, ಕೋಟೆ.

ಅಂದಾನೆಪ್ಪ ಸಾಹುಕಾರರ ಅಳಿಯನದು, ಪೈಲ್ವಾನ ಇರಬೇಕು, ಇಂಥ ಎದೆ ನಾನು ಹೊಲಿದೇ ಇಲ್ಲ ಎಂದು ದುರ್ಗಪ್ಪ ಹೆಮ್ಮೆಪಟ್ಟ. ಹೆಮ್ಮೆ ಸಾಲದೆ, ನೋಡ್ರಿ ಬೇಕಾರ ಎಂದು ಮಹಾಂತಪ್ಪನ ಶಾಲು ಎಳೆದು ಹೊಲಿಗೆಯಂತ್ರದ ಮೇಲೆ ಎಸೆದು, ಬೆನ್ನು ಕಾಣುವುದರೊಳಗೆ ಕೋಟು ಏರಿಸಿಯೇಬಿಟ್ಟ. ತೋಳುಗಳು ಬೆರಳು ನುಂಗಿ ಕೆಳಗಿಳಿದವು. "ನಿಮ್ಮಂಥಾವ್ರು ಇಬ್ಬರು ಹೊಕ್ಕರೂ ಗುಂಡಿ ಬೀಳತಾವು" ಎಂದು ದುರ್ಗಪ್ಪ ಚಪ್ಪಾಳೆ ಹೊಡೆಯುವಾಗ ಕಟ್ಟೆಯ ಮೇಲೆ ಚಪ್ಪಲಿ ಬಿಡುವ ಸದ್ದಾಯಿತು.

"ಏನ್ರಿ ಅಳಿಯಂದ್ರ, ಇಲ್ಲಿ?"

ಅಂದಾನೆಪ್ಪ. ಮಹಾಂತಪ್ಪನ ಬಾಯಲ್ಲಿದ್ದ ರಾಮನಗರ, ಮರಾಠಿ ಎಲ್ಲ ಒಟ್ಟಿಗೆ ಗಡಿ ದಾಟಿ ಓಡಿದವು. ಕೋಟು ಹೆಂಗಾಗೇತಿ ನೋಡಾಕ ಬಂದೆ ಎಂದು ಅಷ್ಟಿಷ್ಟು ತೊದಲಿದ. ಮಾವ ಅವನನ್ನು ಒಂದು ಸುತ್ತು ಹಾಕಿದರು. ಒಂದೇ ಸುತ್ತಿನಲ್ಲಿ ಮುಖ ಕೆಂಪಾಯಿತು.

ಇವನ ಮೇಲಲ್ಲ, ದುರ್ಗಪ್ಪನ ಮೇಲೆ. ಬಟ್ಟೆ ಹಾಳು ಮಾಡಿದೆಯಲ್ಲೋ ಎಂದು ಶುರುವಾದ ಮಾತು ಏರುತ್ತಾ ಹೋಯಿತು. ದುರ್ಗಪ್ಪನಿಗೆ ಮೊದಲು ನಂಬಿಕೆಯೇ ಬರಲಿಲ್ಲ, ಈ ಕಡ್ಡಿಯೇ ಆ ಪೈಲ್ವಾನನೆಂದು. ಅಂಗಿಯ ಅಳತೆಗೇ ಕತ್ತರಿಸಿದ್ದೇನೆ, ಅಂಗಿ ನಿಮ್ಮ ಮನೆಗೆ ವಾಪಸು ಕಳಿಸಿದ್ದೇನೆ, ನಡೀರಿ, ಅಲ್ಲೇ ಇವರ ಎದೆಗೆ ಹಿಡಿದು ನೋಡೋಣ ಎಂದು ಟೇಪನ್ನು ಕೊರಳಿಗೆ ಹಾಕಿಕೊಂಡು ಇಳಿದೇಬಿಟ್ಟ.

ಮಹಾಂತಪ್ಪನಿಗೆ ಬಾಯಿ ಬಂತು. ಇರ್ಲಿ ಬಿಡ್ರಿ ಮಾವಾರ, ರೆಡಿಮೇಡ್ ತರೂಣು, ಹುಬ್ಬಳ್ಳಿ ಏನು ದೂರ ಎಂದ. ತರೂಣು, ಆದರೆ ಇವಂದು ಮೊದಲು ಬಗೆಹರೀಲಿ, ಕೋಟು ತೆಗೆದು ಬರ್ರಿ ಎಂದರು ಅಂದಾನೆಪ್ಪ. ಕೋಟು ತೆಗೆದರೆ ಬೆನ್ನಿನ ತ್ಯಾಪೆ. ಶಾಲು ದೂರದಲ್ಲಿ, ಯಂತ್ರದ ಆಚೆ.

"ಇರ್ಲಿ ಬಿಡ್ರಿ. ಚಳಿ ಐತಿ."

ಬಿಸಿಲು ನೆತ್ತಿಗೆ ಬರುತ್ತಿತ್ತು. ಆ ಬಿಸಿಲಿನಲ್ಲಿ, ಬಿಳಿ ದಾರ ನೇತಾಡುವ ಅರೆಬೆಂದ ಕೋಟಿನೊಳಗೆ, ಮುಂದೆ ಮಾವ ಹಿಂದೆ ದರ್ಜಿ, ಮಹಾಂತಪ್ಪ ಹಳಿಯಾಳದ ಪೇಟೆಯುದ್ದಕ್ಕೂ ನಡೆದ. ಕಿರಾಣಿ ಅಂಗಡಿಯವರು ತಕ್ಕಡಿ ಹಿಡಿದುಕೊಂಡೇ ನೋಡಿದರು. ನಡಿಗೆಯಲ್ಲಿ ತನ್ನ ಕುತ್ತಿಗೆ ತೂಗುತ್ತಿದೆ ಎಂದು ಅವನಿಗೆ ಅನ್ನಿಸಿತು. ಅದೇ ಎತ್ತು. ವ್ಯತ್ಯಾಸವಿಷ್ಟೆ, ಆ ಎತ್ತುಗಳಿಗೆ ತಾವು ಯಾರ ಮನೆಯವು ಎಂಬುದು ಗೊತ್ತಿತ್ತು.

ಪಡಸಾಲೆಯಲ್ಲಿ ನಿಂತು ಅಂದಾನೆಪ್ಪ ಒಳಗೆ ಕೂಗಿ ಅಳತೆಯ ಅಂಗಿ ತರಲು ಹೇಳಿದರು. ಬಳೆ ಸದ್ದಾಯಿತು. ಶಿವಗಂಗವ್ವ ಬಾಗಿಲಿಗೆ ಬಂದಳು. ಕೋಟು ನೋಡಿದಳು. ಕೋಟಿನ ಮೇಲೆ ಎಲ್ಲೋ ತುದಿಯಲ್ಲಿದ್ದ ಮುಖ ನೋಡಿದಳು. ಆ ಮುಖದಲ್ಲಿ ಆಕೆ ಏನು ಓದಿದಳೋ.

"ಅದಿಲ್ಲಪ್ಪಾ. ನಿನ್ನೆ ದಾಂಡೇಲಿ ಬಸ್ಸಿಗೆ ಕೊಟ್ಟು ಕಳಿಸಿದೆ" ಅಂದಳು.

ಮಹಾಂತಪ್ಪನಿಗೆ ಉಸಿರು ಬಂತು. ಅಂಗಿ ಇಲ್ಲ, ಆಧಾರ ಇಲ್ಲ, ಮದುವೆ ಇದೆ. ಇನ್ನು ಅವನು ಮಾಡಬೇಕಾದ್ದೇನೂ ಇರಲಿಲ್ಲ, ಸುಮ್ಮನಿದ್ದರೆ ಆಯಿತು. ಹುಟ್ಟಿದಾಗಿನಿಂದ ಸುಮ್ಮನಿದ್ದವನಲ್ಲ, ಅಂದು ಇದ್ದ.

ಅಂದಾನೆಪ್ಪ ದುರ್ಗಪ್ಪನ ಕಡೆ ತಿರುಗಿ, ಮದುವೆಯ ಉಳಿದ ಬಟ್ಟೆಯೆಲ್ಲ ವಾಪಸು ಕಳಿಸು, ಇನ್ನು ಈ ಮನೆಯ ಹೊಲಿಗೆ ನಿನ್ನದಲ್ಲ ಎಂದರು. ಜೋರು ಮಾಡಲಿಲ್ಲ, ಅದೇ ಹೆಚ್ಚು ಕೇಳಿಸಿತು. ಅಷ್ಟೊತ್ತು ವಟಗುಟ್ಟುತ್ತಿದ್ದ ದುರ್ಗಪ್ಪ ಕೊರಳ ಟೇಪನ್ನು ತೆಗೆದು ಎರಡೂ ಕೈಯಲ್ಲಿ ಹಿಡಿದು, ಹೊಸದಾಗಿ ನೋಡುವವನ ಹಾಗೆ ನೋಡಿದ.

"ನನ್ನ ಕಡಿಂದನ ತಪ್ಪಾಗಿರಬೇಕ್ರಿ ಸಾವ್ಕಾರ. ಕಣ್ಣು ಮದ್ಲಿನಂಗ ಇಲ್ಲ."

ಮಹಾಂತಪ್ಪ ಎಷ್ಟೋ ಜನರ ದನಿ ಮಾಡಿದ್ದ. ಪಾಳಿಯ ಮುಕಾದಮನದು, ಕಂಡಕ್ಟರನದು, ಜೊಯಿಡಾದ ಕೊಂಕಣಿ ಸಾಹೇಬನದು. ಮಾಡದೆಯೇ ತನ್ನ ಗಂಟಲಿಗೆ ಬಂದು ಸಿಕ್ಕಿಕೊಂಡ ದನಿ ಇದೊಂದೇ.

ಅವನು ಕೋಟು ಕಳಚಿದ. ದುರ್ಗಪ್ಪನ ಕೈಗೆ ಕೊಟ್ಟ. ಆಮೇಲೆ ಏನೂ ಹೇಳದೆ ಮಾವನಿಗೆ ಬೆನ್ನು ಮಾಡಿ ನಿಂತ. ಸಿದ್ದಕ್ಕ ಹಳೆಯ ಹಾಸಿಗೆ ಹೊದಿಕೆಯಿಂದ ಹರಿದು ಹಚ್ಚಿದ ತ್ಯಾಪೆ, ಬೆನ್ನಿನ ಅರ್ಧ ಅಗಲದ್ದು, ನೀಲಿ ಗೆರೆಯದು, ಪಡಸಾಲೆಯ ಬೆಳಕಿಗೆ ನಿಂತಿತು.

"ಮಾಸ್ತರಂದು ತಪ್ಪಿಲ್ಲರಿ. ಆ ಅಂಗಿ ನಮ್ಮ ಪಕ್ಕದ ಖೋಲಿ ಪರಸಪ್ಪಂದು. ನಂದು ಇದು." ತುಸು ತಡೆದು ಹೇಳಿದ: "ನಾನ ಕಳಿಸಿದ್ದು. ನಮ್ಮವ್ವಗ ಗೊತ್ತಿಲ್ಲ."

ತಾಯಿಯ ಪಾಲಿನ ಅಷ್ಟು ಬಟ್ಟೆಯನ್ನು ಅವನು ಹೊಲಿಗೆಯೊಳಗೆ ಮಡಚಿಯೇ ಇಟ್ಟ.

ಗೋಡೆಯ ಕಡೆ ಮುಖ ಮಾಡಿ ನಿಂತವನಿಗೆ ಹಿಂದಿನ ಯಾವ ಮುಖವೂ ಕಾಣುತ್ತಿರಲಿಲ್ಲ. ಊರ ಜನರ ಮುಖವೆಲ್ಲ ತನ್ನ ಮುಖದಲ್ಲಿ ಮಾಡಬಲ್ಲವನಿಗೆ ಮಾವ ಈಗ ಎಂಥ ಮುಖ ಮಾಡಿದ್ದಾರೆಂದು ಅಂದಾಜೂ ಸಿಗಲಿಲ್ಲ. ಕುರ್ಚಿ ಸರಿಯುವ ಸದ್ದಿಗೆ ಕಾದ. ಈಗ ಏಳುತ್ತಾರೆ. ಈಗ.

ಕೇಳಿದ್ದು ಬಳೆ. ಏನನ್ನೋ ಜಮಖಾನೆಯ ಮೇಲೆ ಇಟ್ಟ ಮೆತ್ತನೆಯ ಸದ್ದು. ಓರೆಗಣ್ಣಿಗೆ ಕಂಡಿತು: ಇಸ್ತ್ರಿ ಮಾಡಿ ಮಡಚಿದ ಟೆರಿಲೀನ್ ಅಂಗಿ.

"ಇದು ದಾಂಡೇಲಿ ಬಸ್ಸಿನ್ಯಾಗ ಹೋಗಿತ್ತಲ್ಲ?" ಅಂದಾನೆಪ್ಪನ ದನಿ.

ಶಿವಗಂಗವ್ವ ಅಂಗಿಯ ಪಕ್ಕದಲ್ಲೇ ನಿಂತಳು. ಒಳಗೆ ಹೋಗಲಿಲ್ಲ.

ಅಂದಾನೆಪ್ಪ ಕೆಮ್ಮಿದರು. ಮುಂಡಗೋಡದವರು ಎತ್ತುಗಳೇ ತಾವಾಗಿ ಮನೆಗೆ ಹೋಗುವತನಕ ಬಾಯಿ ಬಿಡಲಿಲ್ಲ ಎಂದು, ಯಾರಿಗೂ ಅಲ್ಲದ ಹಾಗೆ, ಮಗಳ ಕಡೆಗೋ ಗೋಡೆಯ ಕಡೆಗೋ ಹೇಳಿದರು. ದುರ್ಗಪ್ಪ ಮೆಲ್ಲಗೆ, ಇನ್ನು ದಿನ ಕಡಿಮೆ, ಹುಬ್ಬಳ್ಳಿಯಿಂದ ರೆಡಿಮೇಡೇ ತರುವುದು ಚಲೋ ಎಂದ. ಮಹಾಂತಪ್ಪ ಕಣ್ಣು ಮುಚ್ಚಿಕೊಂಡ.

"ರೆಡಿಮೇಡ್ ಬ್ಯಾಡ. ಈ ಕೋಟಿನ ಹೊಲಿಗಿ ಬಿಚ್ಚು. ಟೇಪು ತಾ ಇಲ್ಲಿ."

ತಣ್ಣನೆಯ ಟೇಪು ಈ ಹೆಗಲಿಂದ ಆ ಹೆಗಲಿಗೆ, ತ್ಯಾಪೆಯ ಮೇಲೇ ಹಾದು ಹೋಯಿತು. ಒಂದು ತುದಿ ದುರ್ಗಪ್ಪ ಹಿಡಿದಿದ್ದ. ಇನ್ನೊಂದು ತುದಿ ಹಿಡಿದ ಕೈಗೆ ಬೆಲ್ಲದ ವಾಸನೆ ಇತ್ತು.

"ನೆಟ್ಟಗ ನಿಲ್ರಿ ಅಳಿಯಂದ್ರ" ಎಂದರು ಮಾವ. "ನಿಮ್ಮ ಅಳತಿ ಎಷ್ಟೈತೋ ಅಷ್ಟು ನಿಲ್ರಿ."