ಟಾವೆಲ್ ಇಲ್ಲದ ಸವಾಲು

ಕಾಶಿಬಾಯಿಯವರಿಗೆ ತಲೆ ಕೆಟ್ಟಿದೆ ಎಂದು ನಾನು ಅವರೆದುರಿಗೇ ಹೇಳಿದ್ದೆ. ಬೆನ್ನ ಹಿಂದೆ ಆಡುವ ಚಟ ನನಗಿಲ್ಲ. ಅವರು ಟಿಕೋಟಾದ ನಮ್ಮ ಒಣದ್ರಾಕ್ಷಿ ಬೆಳೆಗಾರರ ಮಾರಾಟ ಸಹಕಾರ ಸಂಘದ ಅಧ್ಯಕ್ಷೆ, ನಾನು ಕಾರ್ಯದರ್ಶಿ ಗುರುಪಾದಯ್ಯ. ವಿಜಯಪುರದಿಂದ ದಿನಾ ಬೆಳಿಗ್ಗೆ ಬಸ್ಸಿನಲ್ಲಿ ನಿಂತುಕೊಂಡೇ ಬರುತ್ತೇನೆ. ನಿಂತು ಬಂದವನಿಗೆ ಸಿಟ್ಟು ಬೇಗ ಬರುತ್ತದೆ.

ಜಗಳವೆಲ್ಲ ಒಂದು ಟಾವೆಲ್ಲಿನದು. ನಮ್ಮಲ್ಲಿಗೆ ಬರುವ ವ್ಯಾಪಾರಿಗಳು ಮಾಲಿನ ಬೆಲೆಯನ್ನು ಬಾಯಿಂದ ಹೇಳುತ್ತಿರಲಿಲ್ಲ. ದಲಾಲ ಹೆಗಲ ಮೇಲಿನ ಟಾವೆಲ್ ತೆಗೆದು ಕೈಮೇಲೆ ಹಾಕಿಕೊಳ್ಳುವನು. ಕೊಳ್ಳುವವನು ಅದರ ಕೆಳಗೆ ಕೈ ತೂರಿಸಿ ಅವನ ಬೆರಳು ಒತ್ತುವನು. ಇಷ್ಟು ಬೆರಳಿಗೆ ಇಷ್ಟು ರೂಪಾಯಿ. ಒಳಗೆ ಏನು ನಡೆಯಿತೆಂದು ಅವರಿಬ್ಬರಿಗೆ ಗೊತ್ತು, ಮೇಲಿರುವ ದೇವರಿಗೆ ಗೊತ್ತು. ಮಾಲಿನ ಒಡೆಯ ಮಾತ್ರ ಮದುವೆಗೆ ಬಂದ ದೂರದ ನೆಂಟನ ಹಾಗೆ ಬದಿಗೆ ನಿಂತಿರುವನು. ಹರಾಜು, ಅಂದರೆ ನಮ್ಮ ಕಡೆಯ ಸವಾಲು, ಬಹಿರಂಗವಾಗಿ ಆಗಬೇಕೆಂದು ಕಾಯ್ದೆ ಹೇಳುತ್ತದೆ. ಆದರೆ ಕಾಯ್ದೆ ಪುಸ್ತಕದಲ್ಲಿತ್ತು, ಟಾವೆಲ್ ಹೆಗಲ ಮೇಲಿತ್ತು.

ಒಡೆಯ ಗಂಡಸಾದರೆ, ಹಠ ಹಿಡಿದು ಕೊನೆಗೆ ತಾನೂ ಕೈ ಹಾಕಿ ಬೆರಳು ತಿಳಿದುಕೊಳ್ಳಬಹುದಿತ್ತು. ಹೆಣ್ಣುಮಗಳು ಸಂತೆಯಲ್ಲಿ ಪರಗಂಡಸಿನ ಕೈ ಹಿಡಿಯುವುದುಂಟೇ? ಕಾಶಿಬಾಯಿಯವರ ಯಜಮಾನರು ತೀರಿಕೊಂಡ ಮೇಲೆ ಅವರ ಪರವಾಗಿ ಮೈದುನ ಸಂಗನಬಸವ ಕೈ ಹಾಕುತ್ತಿದ್ದ. ಆಮೇಲೆ ಬಂದು, "ವೈನಿ, ಇಷ್ಟ ಆತ ನೋಡ್ರಿ" ಎನ್ನುತ್ತಿದ್ದ. ಜೈನಾಪುರದ ತೋಟದಲ್ಲಿ ಬಳ್ಳಿ ಕಟ್ಟಿದವರು ಅವರು, ಗೊನೆ ಕೊಯ್ದು ಒಣಗಿಸಿದವರು ಅವರು. ಬೆಲೆ ಮಾತ್ರ ಪರವೂರಿನ ಸುದ್ದಿಯ ಹಾಗೆ ಬರುತ್ತಿತ್ತು. ಮೈದುನ ಮೋಸ ಮಾಡಿದನೆಂದು ಅವರು ಎಂದೂ ಅಂದಿಲ್ಲ. "ಅಂವ ಖರೇನ ಹೇಳಿರಬೇಕ್ರಿ. ಆದ್ರ ನಾ ಕೇಳಿಲ್ಲಲ್ಲ" ಎಂದಷ್ಟೇ ಅನ್ನುತ್ತಿದ್ದರು.

ಹೋದ ವರ್ಷದ ವಾರ್ಷಿಕ ಸಭೆಯಲ್ಲಿ ಎದ್ದು ನಿಂತು ಠರಾವು ಮಂಡಿಸಿದರು. ಸಂಘದ ಮಾಲನ್ನು ಕೂಗಿಯೇ ಮಾರಬೇಕು, ಕೊಡುವ ಮೊದಲು ಒಡೆಯರ ಒಪ್ಪಿಗೆ ಕೇಳಲೇಬೇಕು.

"ಗೋಳಗುಮ್ಮಟದಾಗ ಪಿಸುಗುಟ್ಟಿದ್ದ ಮಾತ ಏಳ ಸಲ ಕೇಳಸತೈತಿ. ನಮ್ಮ ಮಾಲಿನ ರೇಟ ನಮಗ ಒಮ್ಮೆನೂ ಕೇಳಸವಲ್ದು!" ಎಂದರು.

ಸಭೆ ನಕ್ಕಿತು. ಸಂಗನಬಸವನಂಥ ದೊಡ್ಡ ತೋಟದವರು ಕೈ ಎತ್ತಲಿಲ್ಲ. ಆದರೆ ಸಹಕಾರ ಕಾಯ್ದೆಯ ಒಂದು ಮಾತು ನನಗೆ ಬಲು ಇಷ್ಟ: ಷೇರು ಎಷ್ಟೇ ಇರಲಿ, ಒಬ್ಬರಿಗೆ ಒಂದೇ ಓಟು. ಸಾರವಾಡ, ಬಬಲೇಶ್ವರದ ಸಣ್ಣ ಹಿಡುವಳಿಯವರ ಕೈಗಳು ಒಂದೊಂದಾಗಿ ಮೇಲೆದ್ದವು, ಠರಾವು ಪಾಸಾಯಿತು. ದೊಡ್ಡವರು ಹೋಗುವಾಗ ಒಂದು ಮಾತು ಹೇಳಿ ಹೋದರು. ಮೊದಲ ಸವಾಲಿನ ದಿನ ಮಾರಾಟವಾಗದಿದ್ದರೆ ನಮ್ಮ ಪೆಟ್ಟಿಗೆಗಳನ್ನು ವಾಪಸ್ ಒಯ್ದು ಸಂಘವನ್ನೇ ಬಿಡುತ್ತೇವೆ ಎಂದು. ಅವರು ಬಿಟ್ಟರೆ ಸಂಘದಲ್ಲಿ ಉಳಿಯುವುದು ನಾನು ಮತ್ತು ನನ್ನ ಕುರ್ಚಿ. ಅದಕ್ಕೇ ನಾನು ತಲೆ ಕೆಟ್ಟಿದೆ ಅಂದದ್ದು.

ಸವಾಲಿನ ದಿನ ಬಂತು. ಗೋದಾಮಿನ ಅಂಗಳದಲ್ಲಿ ಪೆಟ್ಟಿಗೆಗಳು ಸಾಲಾಗಿ ನಿಂತವು. ಮೊದಲು ಯಾರ ಮಾಲು ಎಂದರೆ ಒಬ್ಬ ಬೆಳೆಗಾರನೂ ಮುಂದೆ ಬರಲಿಲ್ಲ.

"ನಂದ ಇಡ್ರಿ" ಎಂದರು ಕಾಶಿಬಾಯಿ.

ನಾನು ಗಂಟಲು ಹರಿಯುವ ಹಾಗೆ ಕೂಗಿದೆ. "ಹೇಳ್ರಿ, ಸವಾಲ ಹೇಳ್ರಿ!" ವ್ಯಾಪಾರಿಗಳು ತುಟಿ ಪಿಟಕ್ಕೆನ್ನಲಿಲ್ಲ. ಎಲ್ಲರೂ ಮೊದಲೇ ಮಾತಾಡಿಕೊಂಡು ಬಂದಿದ್ದರೆಂದು ಕುರುಡನಿಗೂ ಕಾಣುತ್ತಿತ್ತು. ಅವರಲ್ಲೆಲ್ಲ ದೊಡ್ಡ ವ್ಯಾಪಾರಿ ಮಿಲಿಂದ. ಅವನು ನಗುತ್ತ ಹೆಗಲ ಟಾವೆಲ್ ತೆಗೆದ.

"ಅಕ್ಕಾರ, ಹಠ ಬಿಡ್ರಿ. ಕಾಯಿಪಲ್ಯಾ ಮಾರವ್ರಂಗ ಒದರಾಕ ನಮಗ ಬರೂದಿಲ್ಲ. ನಿಮ್ಮ ಸೆಕ್ರೆಟರಿ ಒಂದೀಟ ಕೈ ಇಡ್ಲಿ, ಈಗಿಂದೀಗ ಮುಗಿತೈತಿ."

ಹಿಂದೆ ಸಂಗನಬಸವ ತನ್ನ ಟ್ರ್ಯಾಕ್ಟರಿನವನನ್ನು ಕೂಗಿದ. "ಲೇ ಭಾಗಪ್ಪಾ, ಗಾಡಿ ತಿರುವಲೇ, ಪೆಟಗಿ ಏರಸೂಣು."

ನನ್ನ ಕೈ ನನಗೇ ತಿಳಿಯದಂತೆ ಟಾವೆಲ್ಲಿನತ್ತ ಹೋಗಿತ್ತು. ಹೇಗಾದರೂ ಸಂಘ ಉಳಿದರೆ ಸಾಕು ಅನಿಸಿತ್ತು. ಕಾಶಿಬಾಯಿ ಆ ಕೈಯನ್ನು ಸುಮ್ಮನೆ ನೋಡಿದರು. ಅದು ತಾನಾಗಿ ಜೇಬಿಗೆ ವಾಪಸಾಯಿತು.

"ಆ ಟಾವೆಲ್ ಕೊಡ್ರಿ ಇಲ್ಲೆ" ಎಂದರು ಮಿಲಿಂದನಿಗೆ.

ಗೆದ್ದೆನೆಂದುಕೊಂಡು ಅವನು ಕೊಟ್ಟ. ಅವರು ಅದನ್ನು ಫಟ್ಟನೆ ಜಾಡಿಸಿ ನೆಲಕ್ಕೆ ಹಾಸಿದರು. ತಮ್ಮ ಪೆಟ್ಟಿಗೆಯನ್ನು ತಾವೇ ಎತ್ತಿ ಅದರ ಮೇಲೆ ಸುರಿದರು. ಹಸಿರು ಬಣ್ಣದ ಉದ್ದುದ್ದ ಒಣದ್ರಾಕ್ಷಿ. ಕಡ್ಡಿಯಿಲ್ಲ, ಕಸವಿಲ್ಲ.

"ನೋಡ್ರಿ. ಮುಚ್ಚಿಡುವಂಥಾದ್ದು ನಂದೇನೂ ಇಲ್ಲ. ನಿಮ್ಮದ ಏನರ ಐತೇನ?"

ಹಿಂದೆ ಭಾಗಪ್ಪ ಸದ್ದು ಮಾಡುತ್ತ ಟ್ರ್ಯಾಕ್ಟರ್ ತಿರುಗಿಸುತ್ತಿದ್ದ. ಆಗ ಸಾಲಿನ ತುದಿಯಲ್ಲಿದ್ದ ಸಣ್ಣ ವ್ಯಾಪಾರಿ ನಾಸೀರ ಮುಂದೆ ಬಂದು ಕುಕ್ಕರಗಾಲಲ್ಲಿ ಕುಳಿತ. ಒಂದು ಕಾಳು ಬಾಯಿಗೆ ಹಾಕಿಕೊಂಡ, ಇನ್ನೊಂದು ಹಾಕಿಕೊಂಡ. ಎದ್ದು ನಿಂತು, "ಕಿಲೋಕ್ಕ ನೂರಾ ಎಪ್ಪತ್ತ!" ಎಂದು ಒದರಿದ.

"ಏನಲೇ ನಾಸೀರ?" ಮಿಲಿಂದ ಗುರುಗುಟ್ಟಿದ.

"ಸಿಟ್ಟಾಗಬ್ಯಾಡ್ರಿ ಸಾವಕಾರ. ಟಾವೆಲ್ ನನ್ನ ತನಕಾ ಬರೂದ್ರಾಗ ಮಾಲ್ ಹೋಗೇ ಬಿಟ್ಟಿರತಿತ್ತು. ಒದರಾಕ ಪಾಳಿ ಹಚ್ಚೂದ ಬ್ಯಾಡಲ್ಲ."

ಅಂಥ ಮಾಲನ್ನು ನಾಸೀರನ ಕೈಗೆ ಬಿಟ್ಟು ಹೋಗಲು ಮಿಲಿಂದನ ವ್ಯಾಪಾರಿ ಜೀವ ಒಪ್ಪೀತೇ? "ಎಂಬತ್ತ" ಎಂದ, ಹಲ್ಲು ಕಚ್ಚಿಕೊಂಡು. ನಾಸೀರ ಎಂಬತ್ತೈದು ಎಂದ. ಮಿಲಿಂದ ತೊಂಬತ್ತು ಎಂದ. ನಾಸೀರ ಕೈ ಚೆಲ್ಲಿ ನಕ್ಕ. ಟ್ರ್ಯಾಕ್ಟರಿನ ಸದ್ದು ಯಾವಾಗಲೋ ನಿಂತಿತ್ತು. ಸಂಗನಬಸವನ ಬಾಯಿ ತೆರೆದೇ ಇತ್ತು. ಇಷ್ಟು ವರ್ಷ ಬೆರಳು ಹಿಡಿದ ಅವನಿಗೂ ಇಷ್ಟು ಬೆಲೆ ಸಿಕ್ಕಿರಲಿಲ್ಲ.

"ನೂರಾ ತೊಂಬತ್ತ, ಒಂದ ಸಲ! ಎರಡ ಸಲ!" ಎಂದು ಕೂಗುತ್ತಿದ್ದ ನಾನು ಠರಾವು ನೆನಪಾಗಿ ನಿಲ್ಲಿಸಿದೆ. "ಕಾಶಿಬಾಯಾರ, ಕೊಡ್ತೀರೇನ್ರಿ?"

ಅವರು ಸೆರಗು ಸರಿಮಾಡಿಕೊಂಡರು.

"ಇಲ್ರಿ. ಕೊಡೂದಿಲ್ಲ."

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲವಲ್ಲಪ್ಪ ಎಂದು ನಾನು ಅಲ್ಲೇ ಕೂರುವುದೊಂದು ಬಾಕಿ. ಮಿಲಿಂದ ಅವರನ್ನು ನೋಡಿದ, ಟಾವೆಲ್ ಮೇಲಿನ ಮಾಲನ್ನು ನೋಡಿದ. ಆಮೇಲೆ ಅವನಿಗೂ ನಗು ಬಂತು.

"ನಿಮಗ ಶರಣ್ರೀ ಅಕ್ಕಾರ. ತೊಂಬತ್ತನಾಕ. ಇದರ ಮುಂದ ನಾ ಒಂದ ಪೈಸಾ ಬರೂದಿಲ್ಲ."

"ಆತ್ರಿ, ಒಯ್ರಿ."

ಅಂಗಳ ಹೋ ಎಂದಿತು. ಮುಂದಿನ ಮಾಲು ಯಾರದೆಂದು ನಾನು ಕೇಳುವ ಮೊದಲೇ ಸಂಗನಬಸವ ಪೆಟ್ಟಿಗೆ ಹೊತ್ತು ಬಂದ. "ವೈನಿ, ಇನ್ನ ನಂದ" ಎಂದ, ಸಣ್ಣ ಹುಡುಗನ ಹಾಗೆ.

ಎಲ್ಲ ಮುಗಿದು ಅಂಗಳ ಖಾಲಿಯಾದ ಮೇಲೆ ನಾನು ತಡೆಹಿಡಿದ ಸಿಟ್ಟನ್ನೆಲ್ಲ ಹೊರಗೆ ಹಾಕಿದೆ. "ಅಲ್ರೀ, ಅಂವ ಹೊಳ್ಳಿ ಹೋಗಿಬಿಟ್ಟಿದ್ರ ಏನ ಗತಿ? ತೊಂಬತ್ತ ಕಡಿಮಿ ಆಗಿತ್ತೇನ್ ನಿಮಗ?"

"ಕಡಿಮಿ ಎಲ್ಲೀದ್ರಿ ಅಯ್ಯಾರ, ರಗಡ ಆಗಿತ್ತು." ಅವರ ಕಣ್ಣು ತುಂಬಿತ್ತು, ಮುಖದಲ್ಲಿ ನಗುವಿತ್ತು. "ಕೊಡ್ತೀಯೇನು ಅಂತ ಇಷ್ಟ ವರ್ಷದಾಗ ನನ್ನ ಯಾರೂ ಕೇಳಿದ್ದಿಲ್ಲ ನೋಡ್ರಿ. ಒಮ್ಮೆ ಇಲ್ಲ ಅಂದ ನೋಡಬೇಕ ಅನಸ್ತು."