ಮಿಕ್ಕ ಚುಕ್ಕಿ

ಆಕಾಶಕ್ಕೆ ಚುಕ್ಕಿ ಇಡುವ ಕಲಾವಿದರದೊಂದು ಸಂಘವಿದೆ. ನಾವು ನಕ್ಷತ್ರ ಎಂದು ಕರೆಯುವುದೆಲ್ಲ ಅವರ ಕೈಕೆಲಸ. ಆ ಸಂಘದ ಇಬ್ಬರು ಹೋದ ಧನುರ್ಮಾಸದಲ್ಲಿ ಒಂದು ಬೆಳಿಗ್ಗೆ ದೊಡ್ಡಬಳ್ಳಾಪುರದ ಬಸ್ಸಿನಲ್ಲಿ ನಮ್ಮ ಹಳ್ಳಿ ಮಧುರೆಗೆ ಬಂದು ನಮ್ಮ ಮನೆ ಮುಂದೆ ನಿಂತರು. ನೋಡಲು ನಮ್ಮಂತೆಯೇ ಇದ್ದರು; ನೆರಳು ಮಾತ್ರ ಒಬ್ಬೊಬ್ಬರಿಗೆ ಎರಡೆರಡು. ಬಂದವರ ನೆರಳು ಎಣಿಸುವುದು ಮರ್ಯಾದೆಯಲ್ಲವೆಂದು ನಾನು ಸುಮ್ಮನಿದ್ದೆ.

ಅಂಗಳ ಸಾರಿಸಿ ರಂಗೋಲಿ ಪುಡಿ ಹಿಡಿದಿದ್ದ ನನ್ನ ಅತ್ತಿಗೆ ಅನುಸೂಯಮ್ಮ ತಲೆ ಎತ್ತಿದರು.

"ಯಾರಪ್ಪಾ ನೀವು?"

"ಆಕಾಶದ ಕಡೆಯೋರಮ್ಮ," ಎಂದರು ಹಿರಿಯರು.

"ಏರ್‌ಪೋರ್ಟೋರಾ? ಜಮೀನು ಕೊಡಲ್ಲ ಅಂತ ಆವತ್ತೇ ಹೇಳಾಯ್ತಲ್ಲ!"

"ಅದಕ್ಕಿಂತ ಮೇಲಿನೋರು."

ಅವರ ಹೆಸರು ಹೇಳಲು ಮೂರು ನಾಲಿಗೆ ಬೇಕಿತ್ತು. ಆದ್ದರಿಂದ ಅಧ್ಯಕ್ಷರಾದ ಆ ಹಿರಿಯರನ್ನು ನಾವು ಚಲಪತಿ ಎಂದೂ, ಜೊತೆಗಿದ್ದ ಹುಡುಗಿಯನ್ನು, ಹೇಗೂ ಸಂಘದವಳಲ್ಲವೇ ಎಂದು, ಸಂಘಮಿತ್ರ ಎಂದೂ ಕರೆದೆವು. ಇಬ್ಬರೂ ಒಪ್ಪಿಕೊಂಡು ಕಾಫಿ ಕುಡಿದರು.

ಅವರ ತೊಂದರೆ ಇಷ್ಟು. ಕೋಟ್ಯಂತರ ವರ್ಷ ಚುಕ್ಕಿ ಇಟ್ಟಿದ್ದಾರೆ. ಈಗ ಎಳೆ ಎಳೆದು ಚಿತ್ರ ಮುಗಿಸಬೇಕು. ಎಳೆ ಎಳೆಯುವುದು ಗೊತ್ತಿದ್ದವರೆಲ್ಲ ರಿಟೈರ್ ಆಗಿದ್ದಾರೆ.

"ನಿಮ್ಮ ಅಂಗಳ ಮೇಲಿಂದ ದಿನಾ ನೋಡ್ತೀವಮ್ಮ. ಭಾನುವಾರ ತಾವರೆ ಇಟ್ಟಿದ್ರಿ," ಎಂದರು ಚಲಪತಿ.

"ಅದು ಕೆಟ್ಟೋಗಿತ್ತು ಬಿಡಿ," ಎಂದರು ಅತ್ತಿಗೆ. ಆದರೂ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡರು.

ಚಲಪತಿ ಒಂದು ಬಟ್ಟೆ ಕೊಡವಿದರು. ಆಕಾಶದಲ್ಲಿ ಇದ್ದ ಹಾಗೆಯೇ ಚುಕ್ಕಿಗಳು ಅಂಗಳದ ಮೇಲೆ ಬಿದ್ದು ಕೂತವು. ಕೆಳಗೆ ಏನು ಮಾಡಿದರೂ ಮೇಲೂ ಅದೇ ಆಗುತ್ತದೆ ಎಂದು ಮೊದಲೇ ಹೇಳಿದರು. ಎಷ್ಟು ಚುಕ್ಕಿ ಇದ್ದವೆಂದು ನಾನು ಎಣಿಸಲಿಲ್ಲ. ಎರಡು ಸೇರು ಪುಡಿ ಖರ್ಚಾಯಿತು ಎಂದರೆ ನೀವೇ ಅಂದಾಜು ಮಾಡಿಕೊಳ್ಳಿ.

"ನೇರ ಚುಕ್ಕಿನೋ ಸಂದು ಚುಕ್ಕಿನೋ?" ಎಂದು ಅತ್ತಿಗೆ ಕೇಳಿದರು.

ಅವರಿಬ್ಬರೂ ಮುಖ ಮುಖ ನೋಡಿಕೊಂಡರು. ಚುಕ್ಕಿಯ ಕೆಳಗೇ ಚುಕ್ಕಿ ಬಂದರೆ ನೇರ, ಎರಡರ ನಡುವಿನ ಸಂದಿಗೆ ಬಂದರೆ ಸಂದು. ನಮ್ಮೂರಿನ ಆರು ವರ್ಷದ ಮಗುವಿಗೂ ಇದು ಗೊತ್ತು.

"ಇದೂ ಗೊತ್ತಿಲ್ದೆ ಇಷ್ಟು ದೊಡ್ಡ ಕೆಲ್ಸಕ್ಕೆ ಕೈ ಹಾಕಿದ್ರಾ? ಅರ್ಧ ನೇರ ಐತೆ, ಅರ್ಧ ಸಂದು ಐತೆ. ಯಾವೋನ್ಲಾ ಇದಕ್ಕೆ ಮೇಸ್ತ್ರಿ?"

"ನಾನೇ," ಎಂದರು ಚಲಪತಿ.

ಅತ್ತಿಗೆ ಬೈಯುತ್ತಲೇ ಎಳೆಯತೊಡಗಿದರು. ಹತ್ತು ಗಂಟೆಯ ಹೊತ್ತಿಗೆ ಎಳೆ ಎಲ್ಲ ಕಡೆ ಸುತ್ತಿ ಬಂದು ಶುರುವಾದಲ್ಲಿಗೇ ಕೂಡಿಕೊಂಡಿತು. ಮೂಲೆಯಲ್ಲಿ ಸಾಸಿವೆಯಷ್ಟು ಒಂದು ಚುಕ್ಕಿ ಮಾತ್ರ ಹೊರಗೆ ಉಳಿಯಿತು.

"ಇದೊಂದು ಮಿಕ್ತು. ಯಾರು ಇಟ್ಟಿದ್ದು?"

ಸಂಘಮಿತ್ರ ತಲೆ ತಗ್ಗಿಸಿದಳು. "ನಾನು. ಮಾತಾಡ್ತಾ ಇದ್ದೆ, ಕೈ ಜಾರ್ತು. ಇಲ್ಲೀವರ್ಗೂ ನಾನು ಇಟ್ಟಿರೋದು ಅದೊಂದೇ."

"ಎಳೆ ಇಲ್ಲದ ಚುಕ್ಕಿ ಇರೋ ಹಾಗಿಲ್ಲ. ಬೈಲಾದಲ್ಲೇ ಇದೆ," ಎಂದು ಚಲಪತಿ ಒದ್ದೆ ಬಟ್ಟೆ ಕೇಳಿದರು. ಅತ್ತಿಗೆ ಕೊಟ್ಟೂ ಬಿಟ್ಟರು.

ಯಾವ ನಕ್ಷತ್ರ ಅದು ಎಂದು ನಾನು ಸುಮ್ಮನೆ ಕೇಳಿದೆ. ಸಂಘಮಿತ್ರ ಬೆರಳು ಮೇಲೆ ಮಾಡಿದಳು. ಎದುರು ಮನೆಯ ತೆಂಗಿನ ಮರದ ಮೇಲೆ ಸೂರ್ಯನೊಬ್ಬನೇ ಇದ್ದ.

ಅತ್ತಿಗೆ ಚಲಪತಿಯ ಕೈ ಹಿಡಿದುಕೊಂಡರು. "ಒರೆಸಿದ್ರೆ ಏನಾಗ್ತದೆ?"

"ಏನಿಲ್ಲಮ್ಮ, ಕತ್ತಲಾಗುತ್ತೆ."

"ಎಷ್ಟೊತ್ತು?"

"ಆಮೇಲೆ ಹೊತ್ತು ಅನ್ನೋದೇ ಇರಲ್ಲ."

"ರಾಗಿ ಕಣದಾಗೈತೆ," ಎಂದರು ಅತ್ತಿಗೆ. "ಹೋಗ್ಲಿ, ಎಳೆ ಬಿಚ್ಚಿ ಇದನ್ನೂ ಸೇರಿಸ್ತೀನಿ."

"ಬಿಚ್ಚಿದ್ರೆ ಎಲ್ಲ ಬಿಚ್ಕೊಳ್ಳುತ್ತೆ. ಎಲ್ಲ ಅಂದ್ರೆ ಎಲ್ಲ."

ಅತ್ತಿಗೆ ಕುಕ್ಕರುಗಾಲಲ್ಲಿ ಕೂತು ಸ್ವಲ್ಪ ಹೊತ್ತು ಅದನ್ನೇ ನೋಡಿದರು. ಆಮೇಲೆ ಒಂದು ಚಿಟಿಕೆ ಪುಡಿ ತೆಗೆದು ಆ ಚುಕ್ಕಿಯೊಂದರ ಸುತ್ತಲೇ ಪುಟ್ಟ ಸುತ್ತು ಎಳೆದರು.

"ತಗಳ್ಳಿ, ಇದಕ್ಕೂ ಎಳೆ ಆಯ್ತು."

"ಇದು ಬಾಕಿ ಚಿತ್ರದ ಜೊತೆ ಕೂಡಿಲ್ಲವಲ್ಲಮ್ಮ. ಮೇಲೆ ಕೇಳಿದ್ರೆ ಏನಂತ ಬರೀಲಿ?"

"ಬೇರೆ ಹೋಗೈತೆ ಅಂತ ಬರೀರಿ. ನಮ್ಮನೇಲಿ ಮೂರು ಜನ ಅಣ್ತಮ್ಮಂದ್ರು ಬೇರೆ ಹೋದ್ರು. ಒಲೆ ಬೇರೆ, ಬಾಗ್ಲು ಬೇರೆ. ಅವ್ರನ್ನ ಒರೆಸ್ಬಿಟ್ವಾ?"

ಚಲಪತಿ ಸಂಘದ ಪುಸ್ತಕ ತೆಗೆದು ಹುಡುಕಿದರು. ಅಂಥ ಕಾಲಂ ಅದರಲ್ಲಿ ಇರಲಿಲ್ಲ. ಹೊಸದಾಗಿ ಗೆರೆ ಹೊಡೆದು 'ಬೇರೆ ಹೋಗಿದೆ' ಎಂದು ಬರೆದರು. ಸಾಕ್ಷಿಗೆ ನಾನು ರುಜು ಹಾಕಿದೆ.

"ಬೇರೆ ಹೋದ ಮೇಲೆ ನಮಗೂ ಅದಕ್ಕೂ ಸಂಬಂಧ ಇಲ್ಲ," ಎಂದರು ಚಲಪತಿ. "ಇನ್ಮೇಲೆ ಅದರ ಜವಾಬ್ದಾರಿ ನಿಮ್ಮದೇ."

"ಆಯ್ತು ಬಿಡಿ," ಎಂದರು ಅತ್ತಿಗೆ, ಹಸು ನೋಡಿಕೊಳ್ಳುತ್ತೇನೆ ಎಂದಷ್ಟೇ ಸಲೀಸಾಗಿ. ಸಂಘಮಿತ್ರ ಅವರ ಕಾಲಿಗೆ ಬಿದ್ದಳು. ಉಳಿದ ಚಿತ್ರವನ್ನು ಬಟ್ಟೆಗೆ ಎತ್ತಿಕೊಂಡು ಹನ್ನೊಂದೂ ಮುಕ್ಕಾಲರ ಬಸ್ಸಿಗೆ ಇಬ್ಬರೂ ಹೋದರು. ಆ ಚುಕ್ಕಿ ಮೂಲೆಯಲ್ಲೇ ಇದೆ; ಅತ್ತಿಗೆ ದಿನಾ ಅದೊಂದನ್ನು ಬಿಟ್ಟು ಅಂಗಳ ಸಾರಿಸುತ್ತಾರೆ.

ವಿಷಯ ಊರಲ್ಲಿ ಹರಡಿತು. ಈಗ ಬೇಸಿಗೆಯಲ್ಲಿ ಬಿಸಿಲು ಹೆಚ್ಚಾದರೆ ಜನ ನೇರವಾಗಿ ನಮ್ಮ ಮನೆಗೇ ದೂರು ತರುತ್ತಾರೆ.

"ಏನ್ ಅನುಸೂಯಕ್ಕ, ಸ್ವಲ್ಪ ಹೇಳ್ಬಾರ್ದಾ ಅದಕ್ಕೆ?"

"ಒರೆಸ್ಬಿಡ್ಲಾ ಹಂಗಾರೆ?" ಎಂದು ಅತ್ತಿಗೆ ಕೇಳುತ್ತಾರೆ.

ಇದುವರೆಗೆ ಯಾರೂ ಹೂಂ ಅಂದಿಲ್ಲ.